ದುಂಡಮ್ಮ ಕೂದಲು ಕಟ್ಟಿದ ಮಧ್ಯಾಹ್ನ

ಕಮಲಾಪುರದಲ್ಲಿ ಬಸ್ಸು ನಿಂತರೆ ಕಿಟಕಿಗಳಿಂದ ಮೊದಲು ಹೊರಗೆ ಬರುವುದು ಕೈ. ಬಳೆಯ ಕೈ, ಗಡಿಯಾರದ ಕೈ, ಮದರಂಗಿ ಹಚ್ಚಿದ ಕೈ. ದುಂಡಮ್ಮ ಇಷ್ಟು ವರ್ಷ ಆ ಕೈಗಳಿಗೇ ಕೆಂಪು ಬಾಳೆಹಣ್ಣು ಮಾರಿದವಳು. ಮೇಲಿನ ಮುಖ ಯಾವುದೆಂದು ನೋಡುವಷ್ಟರಲ್ಲಿ ಬಸ್ಸು ಹುಮನಾಬಾದಿನ ಕಡೆಗೋ ಕಲಬುರಗಿಯ ಕಡೆಗೋ ಹೊರಟುಬಿಡುತ್ತಿತ್ತು. ಅವರೂ ಹಣ್ಣನ್ನು ನೋಡುತ್ತಿದ್ದರೇ ಹೊರತು ಅವಳನ್ನಲ್ಲ. ಅದರಲ್ಲಿ ಅವಳಿಗೆ ಬೇಸರವೂ ಇರಲಿಲ್ಲ. ಹಣ್ಣು ಮಾರುವವಳನ್ನು ನೋಡಿ ಯಾರಿಗೇನಾಗಬೇಕು?

ಊರಿನ ಹಿಂದೆ, ಗುಡ್ಡದ ತಗ್ಗಿನಲ್ಲಿ ಅವರದೊಂದು ತುಂಡು ತೋಟ. ಗಂಡ ಅಮೋಘಸಿದ್ದ ಅಲ್ಲೇ ಹುಟ್ಟಿದವನ ಹಾಗೆ ಬಾಳೆಯ ನಡುವೆ ಇರುತ್ತಿದ್ದ. ಮಾತು ಕಡಿಮೆ. ಗೊನೆ ಕಡಿಯುವುದು ಅವನ ಕೆಲಸ, ಮಾಗಿಸಿ ಮಾರುವುದು ಇವಳದು. ಮಗ ಪಕ್ಕದ ಊರಿನ ವಿದ್ಯುತ್ ಕಚೇರಿಯಲ್ಲಿ ಲೈನ್‌ಮನ್. ಸೊಸೆ ಭಾಗ್ಯ ಮನೆಯನ್ನೂ ಮೊಮ್ಮಗಳನ್ನೂ ನೋಡಿಕೊಳ್ಳುತ್ತಿದ್ದಳು. ದುಂಡಮ್ಮ ಮುಂಜಾನೆ ಬುಟ್ಟಿ ಹೊತ್ತು ಹೊರಟರೆ ಬಿಸಿಲು ಇಳಿದ ಮೇಲೇ ತಿರುಗಿ ಬರುವುದು.

ಆ ವರ್ಷ ಚಳಿ ಶುರುವಾಗುವ ಹೊತ್ತಿಗೆ ನಿಲ್ದಾಣದ ಸಿಮೆಂಟು ಬೆಂಚಿನ ಮೇಲೆ ಒಬ್ಬ ಹೆಣ್ಣುಮಗಳು ಬಂದು ಕೂಡಲು ತೊಡಗಿದಳು. ಮೂವತ್ತರ ಆಸುಪಾಸಿನ ವಯಸ್ಸು, ನೂಲಿನ ಸಲವಾರ್ ಕಮೀಜು, ಹೆಗಲಿಗೊಂದು ಚೀಲ. ಬಸ್ಸು ಬರುತ್ತಿತ್ತು, ಅವಳು ಹತ್ತುತ್ತಿರಲಿಲ್ಲ. ಇನ್ನೊಂದು ಬರುತ್ತಿತ್ತು, ಅದಕ್ಕೂ ಹತ್ತುತ್ತಿರಲಿಲ್ಲ. ಸಂಜೆಗೆ ಎದ್ದು ಹೋಗುತ್ತಿದ್ದಳು. ಎರಡು ದಿನ ಬಿಟ್ಟು ಮತ್ತೆ ಹಾಜರು. ಮನೆಯಲ್ಲಿ ಜಗಳವಾಡಿಕೊಂಡು ಬಂದವಳೇ, ಸರ್ಕಾರದಿಂದ ಏನಾದರೂ ಎಣಿಸಲು ಬಂದವಳೇ ಎಂದು ಹಣ್ಣಿನ ಹೆಂಗಸರೆಲ್ಲ ತಮ್ಮತಮ್ಮಲ್ಲೇ ಮಾತಾಡಿಕೊಂಡರು. ಕೊನೆಗೆ ದುಂಡಮ್ಮನೇ ಕೇಳಿದಳು.

"ಯಾರ್ರೀ ಬಾಯಿ ನೀವು? ಬರ್ತೀರಿ, ಕುಂಡ್ರತೀರಿ, ಹೋಗ್ತೀರಿ. ಯಾವ ಬಸ್ ಬೇಕು ನಿಮಗ?"

"ಬಸ್ಸಿಗಿ ಬಂದಿಲ್ರಿ ಯಕ್ಕಾ. ನಿಮ್ಮನ್ನ ನೋಡ್ಲಾಕ ಬಂದೀನಿ."

"ನನ್ನ ಏನ್ ನೋಡ್ತೀರಿ? ಹಣ್ಣ ನೋಡ್ರಿ, ಹಣ್ಣ ತಗೋರಿ."

ಪಕ್ಕದ ಬುಟ್ಟಿಯವರು ಗೊಳ್ಳೆಂದು ನಕ್ಕರು. ಆ ಹುಡುಗಿಯೂ ನಕ್ಕಳು. ಹಣ್ಣು ಕೊಂಡಳು, ಅಲ್ಲೇ ಸುಲಿದು ತಿಂದಳು, ಸಿಪ್ಪೆಯನ್ನು ಕೈಯಲ್ಲೇ ಹಿಡಿದುಕೊಂಡು ಮತ್ತೆ ಬೆಂಚಿಗೆ ಹೋಗಿ ಕೂತಳು.

ಹೆಸರು ರಾಜೇಶ್ರೀ. ಕಲಬುರಗಿಯ ಜೇವರ್ಗಿ ಕಾಲೋನಿಯವಳು. ಮುಂಜಾನೆ ಟ್ಯೂಷನ್ ಕ್ಲಾಸಿನಲ್ಲಿ ಮಕ್ಕಳಿಗೆ ಇಂಗ್ಲಿಷ್ ಹೇಳಿಕೊಟ್ಟು, ಉಳಿದ ಹೊತ್ತು ನಾಟಕ ಮಾಡುತ್ತಿದ್ದಳು. ಇದೆಲ್ಲ ದುಂಡಮ್ಮನಿಗೆ ಚೂರು ಚೂರಾಗಿ ತಿಳಿಯಿತು. ಯಾಕೆಂದರೆ ಆ ಹುಡುಗಿ ಕೇಳಿದ್ದಕ್ಕೆ ಉತ್ತರ ಹೇಳುತ್ತಿದ್ದಳೇ ಹೊರತು ತಾನಾಗಿ ಮಾತು ತೆಗೆಯುತ್ತಿರಲಿಲ್ಲ. ಒಮ್ಮೆ, ಬಸ್ಸುಗಳಿಲ್ಲದ ಮಧ್ಯಾಹ್ನದಲ್ಲಿ, ದುಂಡಮ್ಮ ಕೆದಕಿ ಕೇಳಿದಾಗ ಹೇಳಿದಳು.

"ಹ್ವಾದ ವರ್ಷ ಒಂದ್ ನಾಟಕದಾಗ ಮುದುಕಿ ಪಾರ್ಟ್ ಮಾಡಿದ್ದೆ ಯಕ್ಕಾ. ಬೆನ್ನ ಬಗ್ಗಿಸಿದೆ, ದನಿ ನಡಗಿಸಿದೆ, ಸೆರಗ ಮ್ಯಾಲಿಂದ್ ಮ್ಯಾಲ ಎಳಕೊಂಡೆ. ಮಂದಿ ಭಾಳ ಚಪ್ಪಾಳಿ ಹೊಡದ್ರು. ಮರುದಿನ ಸಿಟಿ ಬಸ್ಸಿನ್ಯಾಗ ಒಬ್ಬಾಕಿ ಮುದುಕಿ ಆಯಿ ಹತ್ತಿದ್ಲು. ಆಕಿ ಹತ್ತೋದು, ಕಂಬ ಹಿಡಿಯೋದು, ಕುಂಡ್ರೋದು ನೋಡಿದೆ. ನಾ ಸ್ಟೇಜಿನ ಮ್ಯಾಲ ಮಾಡಿದ್ದು ಒಂದೂ ಆಕಿ ಮಾಡ್ಲಿಲ್ಲ."

"ಮತ್ತ?"

"ಮತ್ತೇನಿಲ್ಲ. ನಾ ಯಾರನ್ನೂ ಖರೇ ನೋಡೇ ಇಲ್ಲ ಅಂತ ತಿಳೀತು. ಒಬ್ಬರನ್ನರೆ ಪೂರ್ತಿ ನೋಡಬೇಕು ಅನಿಸ್ತು. ಒಂದಿನ ಬೀದರಕ್ಕ ಹೊಂಟಿದ್ದೆ, ಕಿಟಕಿಯಿಂದ ನಿಮ್ಮ ಹಣ್ಣ ತಗೊಂಡೆ. ನೀವು ಚಿಲ್ಲರ ಕೊಟ್ಟು, ಬಸ್ ಹೋಗೋತನಕ ನನ್ನ ಕೈಯಾಗಿನ ಹಣ್ಣ ನೋಡ್ಕೋತ ನಿಂತಿದ್ರಿ."

ತಾನು ಹಾಗೆ ನಿಲ್ಲುತ್ತೇನೆಂಬುದೇ ದುಂಡಮ್ಮನಿಗೆ ಗೊತ್ತಿರಲಿಲ್ಲ.

ಆ ಚಳಿಗಾಲವೆಲ್ಲ ರಾಜೇಶ್ರೀ ಬರಿಗೈಯಲ್ಲೇ ಬಂದು ಹೋದಳು. ತೋಟಕ್ಕೂ ಬಂದಳು. ಅಮೋಘಸಿದ್ದನಿಗೆ ನಮಸ್ಕಾರ ಹೇಳಿ ಬದುವಿನ ಮೇಲೆ ಕೂತರೆ ಅವನಿಗೂ ಅವಳಿಗೂ ಇಡೀ ದಿನ ಮಾತಿಲ್ಲ. ಸಂಜೆ ಅವನು ಹೆಂಡತಿಗೆ ಹೇಳಿದ: "ಆ ಪೋರಿ ಚಲೋ ಅದಾಳ. ಬಾಳಿಗಿಡ ಇದ್ದಂಗ ಇರ್ತಾಳ." ಅವನ ಬಾಯಲ್ಲಿ ಇದಕ್ಕಿಂತ ದೊಡ್ಡ ಹೊಗಳಿಕೆ ಇರಲಿಲ್ಲ.

ಯುಗಾದಿ ಮುಗಿದ ಮೇಲೆ, ನೋಡಿದ್ದನ್ನು ಚಿತ್ರ ಮಾಡಲೆಂದು, ಕ್ಯಾಮೆರಾ ಬಂತು. ಅದರ ಜೊತೆ ಕಲಬುರಗಿಯ ಗಾಜಿಪುರದ ಪರ್ವೇಜ್ ಎಂಬವನೂ ಬಂದ. ಅವನು ಮದುವೆ ವಿಡಿಯೋ ತೆಗೆಯುವವನು. ಕ್ಯಾಮೆರಾ ಅವನದೇ. ಮದುವೆ ಇಲ್ಲದ ದಿನಗಳಲ್ಲಿ ರಾಜೇಶ್ರೀಗೆ ಕೊಟ್ಟು, ತಾನೂ ಮೈಕು ಹಿಡಿದು ನಿಲ್ಲಲು ಒಪ್ಪಿಕೊಂಡಿದ್ದ. ಫೋಟೋ ತೆಗೆಯುತ್ತಾರೆಂದು ತಿಳಿದು ದುಂಡಮ್ಮ ಅಂದು ಹಬ್ಬದ ಇಳಕಲ್ ಸೀರೆ ಉಟ್ಟಿದ್ದಳು. ತುರುಬಿಗೆ ಹೂ ಮುಡಿದಿದ್ದಳು. ಬುಟ್ಟಿಯ ಮುಂದೆ ಬೆನ್ನು ನೆಟ್ಟಗೆ ಮಾಡಿ, ತುಟಿ ಬಿಗಿಹಿಡಿದು ಕೂತಳು. ರಾಜೇಶ್ರೀ ಮೂರು ಕಾಲಿನ ಸ್ಟ್ಯಾಂಡನ್ನು ರಸ್ತೆಯಾಚೆ ನಿಲ್ಲಿಸಿ, ಕ್ಯಾಮೆರಾ ಚಾಲೂ ಮಾಡಿ, ಪಕ್ಕದಲ್ಲಿ ನೆಲದ ಮೇಲೆ ಕೂತುಬಿಟ್ಟಳು.

ಪರ್ವೇಜ್ ಮದುವೆಮನೆಗಳಲ್ಲಿ "ಇಲ್ಲಿ ನೋಡ್ರಿ, ನಗ್ರಿ, ಕೈ ಹಿಡೀರಿ" ಎಂದು ಕೂಗಿ ರೂಢಿಯಾದವನು. ಒಂದು ತಾಸು ಕಳೆದ ಮೇಲೆ ಅವನಿಗೆ ತಡೆಯಲಾಗಲಿಲ್ಲ.

"ಮೇಡಂ, ಏನೂ ಆಗ್ಲಿಲ್ಲಲ್ಲ?"

"ಆಗ್ಲಾಕತ್ತದ ಪರ್ವೇಜ್ ಭಾಯ್, ನೋಡ್ರಿ. ಆಕಿ ಬೆನ್ನ ಈಗ ಜರಾ ಸಡಲ್ ಆತು."

ಬೆನ್ನು ಪೂರ್ತಿ ಸಡಿಲಾಗಲು ಇನ್ನೂ ಎಷ್ಟೋ ದಿನ ಹಿಡಿಯಿತು. ಇಳಕಲ್ ಸೀರೆ ಪೆಟ್ಟಿಗೆ ಸೇರಿತು. ನಿತ್ಯದ ಸೀರೆ ಬಂತು. ದುಂಡಮ್ಮ ಕ್ಯಾಮೆರಾದ ಕಡೆ ಕಣ್ಣು ಹಾಯಿಸುವುದು ಕಡಿಮೆಯಾಯಿತು. ಆಮೇಲೊಂದು ದಿನ ಅದು ಅಲ್ಲಿದೆ ಎಂಬುದೇ ಮರೆತುಹೋಯಿತು. ಪಕ್ಕದ ಬುಟ್ಟಿಯವರಿಗೂ ಅದು ದೀಪದ ಕಂಬದಷ್ಟೇ ಆಯಿತು.

ಮರೆಯದೇ ಇದ್ದವಳು ಭಾಗ್ಯ ಒಬ್ಬಳೇ. "ಅತ್ತಿ, ಆಕಿ ಇದನ್ನೆಲ್ಲ ಮೊಬೈಲಿನ್ಯಾಗ ಹಾಕ್ತಾಳ. ಮಂದಿ ನಿಮ್ಮ ಮಾರಿ ನೋಡಿ ನಗ್ತಾರ. ನಾಳಿ ನಮ್ಮ ತವರಿನವ್ರು ಏನಂತಾರ?" ಎಂದು ದಿನವೂ ಗೊಣಗುತ್ತಿದ್ದಳು. ದುಂಡಮ್ಮನಿಗೂ ಒಳಗೊಳಗೇ ಅಳುಕಿತ್ತು. ಆ ಅಳುಕು ಹೋಗಿದ್ದು ವೈಶಾಖದ ಗಾಳಿಯ ದಿನ.

ಅಂದು ಇಳಿಹೊತ್ತಿಗೆ ಎಲ್ಲಿಂದಲೋ ಕೆಂಧೂಳು ಎದ್ದು ಬಂತು. ಹಿಂದೆಯೇ ಗಾಳಿ. ಗೊನೆ ಹೊತ್ತ ಬಾಳೆಗಿಡಗಳು ಒಂದೊಂದಾಗಿ ತೂಗಿ ಬಗ್ಗಲಾರಂಭಿಸಿದವು. ಅಮೋಘಸಿದ್ದ ಬಿದಿರಿನ ಊರೆಗೋಲು ಹಿಡಿದು ಓಡಾಡುತ್ತಿದ್ದ. ದುಂಡಮ್ಮ ಗಿಡವೊಂದನ್ನು ಎರಡೂ ತೋಳಿನಲ್ಲಿ ಅಪ್ಪಿ ಹಿಡಿದು, "ಬ್ಯಾಡ ನನ್ನವ್ವಾ, ಬ್ಯಾಡ" ಎಂದು ಅಳುತ್ತಿದ್ದಳು. ಕ್ಯಾಮೆರಾ ಎದುರಿಗೇ ಇತ್ತು. ಪರ್ವೇಜ್ ಓಡಿ ಅದರ ಹತ್ತಿರ ಹೋದ. ಅಷ್ಟರಲ್ಲಿ ರಾಜೇಶ್ರೀ ಅದರ ಮೇಲೆ ತನ್ನ ದುಪ್ಪಟ್ಟಾ ಹೊದಿಸಿ, ಸ್ಟ್ಯಾಂಡ್ ಸಮೇತ ನೆಲಕ್ಕೆ ಮಲಗಿಸಿ, ದುಂಡಮ್ಮನ ಗಿಡದ ಕೆಳಗೆ ಊರೆ ಕೊಡಲು ಬಂದಿದ್ದಳು. ಕತ್ತಲಾಗುವ ಮುಂಚೆ ಗಾಳಿ ನಿಂತಿತು. ಕೆಲವು ಗಿಡ ಹೋದವು, ಬಹಳಷ್ಟು ಉಳಿದವು.

ಮರುದಿನ ದುಂಡಮ್ಮ ಕೇಳಿದಳು: "ನಾ ಅತ್ತಿದ್ದು ತೆಗೀಲಿಲ್ಲಲ್ಲ ನೀ? ಮಂದಿ ಅಂಥಾದ್ದೇ ನೋಡ್ತಾರಲ್ಲ?"

"ಊರೆ ಹಿಡೀಲಾಕ ಇನ್ನೊಬ್ರು ಬೇಕಾಗಿತ್ತಲ್ಲ ಯಕ್ಕಾ" ಎಂದಳು ರಾಜೇಶ್ರೀ, ಅಷ್ಟೇ.

ಅಂದಿನಿಂದ ದುಂಡಮ್ಮ ಅವಳನ್ನು ಗೊತ್ತಿಲ್ಲದವರನ್ನು ಕರೆದಂತೆ ಬಾಯಿ ಎನ್ನುವುದು ಬಿಟ್ಟು ತಂಗಿ ಎಂದಳು. ಭಾಗ್ಯಳ ಗೊಣಗಾಟಕ್ಕೆ ಒಂದೇ ಉತ್ತರ ಕೊಟ್ಟಳು: "ಆಕಿಗಿ ಎಲ್ಲಿ ಕಣ್ಣ ಮುಚ್ಚಬೇಕು ಗೊತ್ತದ. ನೀ ಸುಮ್ಕಿರು."

ಹೂ ಬಿಟ್ಟಾಗಿನಿಂದ ಗೊನೆ ಕಡಿಯುವವರೆಗೂ, ಆಮೇಲೆ ಮಳೆಗಾಲ ಕಳೆದು ಮತ್ತೊಂದು ಚಳಿ ಬರುವವರೆಗೂ ಹೀಗೇ ನಡೆಯಿತು. ಒಂದು ದಿನ ರಾಜೇಶ್ರೀ ಇನ್ನು ಸಾಕು ಎಂದಳು. ಹೋಗಿ ತಿಂಗಳುಗಟ್ಟಲೆ ಬರಲಿಲ್ಲ. ಬೆಂಚು ಖಾಲಿಯಾಗಿ ದುಂಡಮ್ಮನಿಗೆ ಎದುರಿನ ರಸ್ತೆಯೇ ಅಗಲವಾದಂತೆ ಕಂಡಿತು. ಆಮೇಲೆ ಫೋನು ಬಂತು. ನಂದೂರಿನಲ್ಲಿ ಒಂದು ಬೇಳೆ ಮಿಲ್ಲಿನ ಖಾಲಿ ಗೋದಾಮಿದೆ, ಅಲ್ಲಿ ಚಿತ್ರ ತೋರಿಸುತ್ತೇನೆ, ಬರಲೇಬೇಕು ಎಂದಳು ರಾಜೇಶ್ರೀ.

ಗಂಡ ಹೆಂಡತಿ ಬಸ್ಸು ಹತ್ತಿ ಕಲಬುರಗಿಗೆ ಬಂದರು. ಪರ್ವೇಜ್ ಆಟೋದಲ್ಲಿ ಕೂಡಿಸಿಕೊಂಡು ನಂದೂರಿಗೆ ಕರೆದೊಯ್ದ. ಗೋದಾಮು ಎತ್ತರವಾಗಿತ್ತು. ಖಾಲಿಯಾಗಿ ಎಷ್ಟೋ ಕಾಲವಾದರೂ ಗೋಡೆಗಳಿಂದ ತೊಗರಿಬೇಳೆಯ ಘಮ ಬರುತ್ತಿತ್ತು. ಪಕ್ಕದ ಮಿಲ್ಲಿನ ಸದ್ದು ನೆಲದಲ್ಲಿ ನಡುಗುತ್ತಿತ್ತು. ಒಂದು ಗೋಡೆಗೆ ಬಿಳಿ ಬಟ್ಟೆ ಕಟ್ಟಿದ್ದರು. ಅದರ ಮುಂದೆ ಒಂದು ಬುಟ್ಟಿ, ಒಂದು ಗೋಣಿಚೀಲ. ಕಾಲೇಜಿನ ಹುಡುಗ ಹುಡುಗಿಯರು, ನಾಟಕದವರು, ಮಿಲ್ಲಿನ ಕೆಲಸ ಮುಗಿಸಿದ ಕೆಲವು ಹೆಂಗಸರು ಚಾಪೆಯ ಮೇಲೆ ಕೂತಿದ್ದರು. ದುಂಡಮ್ಮ ಹಿಂದಿನ ಸಾಲಿನಲ್ಲಿ, ಗೋಡೆಗೆ ಒರಗಿ ಕೂತಳು.

ದೀಪ ಆರಿಸಿದರು. ಬಟ್ಟೆಯ ಮೇಲೆ ಕಮಲಾಪುರ ಮೂಡಿತು.

ಮಾತಿಲ್ಲ, ಹಾಡಿಲ್ಲ. ಬಸ್ಸು ಬರುವ ಸದ್ದು, ಹೋಗುವ ಸದ್ದು, ಕಾಗೆ. ದುಂಡಮ್ಮ ಬುಟ್ಟಿಯಲ್ಲಿ ಹಣ್ಣು ಹೊಂದಿಸುತ್ತಿದ್ದಳು. ಒಂದನ್ನು ತೆಗೆದು ಇನ್ನೊಂದು ಕಡೆ ಇಟ್ಟು, ಮತ್ತೆ ಮೊದಲಿನ ಕಡೆಗೇ ಇಟ್ಟಳು. ಕೂತಿದ್ದವರಲ್ಲಿ ಕೆಲವರು ಮುಸಿಮುಸಿ ನಕ್ಕರು. ಸ್ವಲ್ಪ ಹೊತ್ತಿಗೆ ಯಾರೋ ಇಬ್ಬರು ಎದ್ದು ಹೋದರು. ಅಷ್ಟರಲ್ಲಿ ರಾಜೇಶ್ರೀ ಪಕ್ಕದಿಂದ ಬಂದು ಬುಟ್ಟಿಯ ಮುಂದೆ ಗೋಣಿಚೀಲದ ಮೇಲೆ ಕೂತಳು. ಮಾಮೂಲಿ ಸೀರೆ. ಬೆನ್ನು ಬಗ್ಗಿಸಿರಲಿಲ್ಲ, ಮುಖಕ್ಕೆ ಬಣ್ಣವಿರಲಿಲ್ಲ. ಬಟ್ಟೆಯ ಮೇಲಿನ ದುಂಡಮ್ಮ ಮಾಡಿದ್ದನ್ನು ಅವಳು ಅದೇ ಹೊತ್ತಿಗೆ ಮಾಡುತ್ತಿರಲಿಲ್ಲ. ಬಟ್ಟೆಯ ಮೇಲಿನವಳು ಹಣ್ಣು ಕೊಟ್ಟಾಗ ರಾಜೇಶ್ರೀ ಸುಮ್ಮನಿರುತ್ತಿದ್ದಳು. ಬಟ್ಟೆಯ ಮೇಲಿನವಳು ಸುಮ್ಮನಿದ್ದಾಗ ರಾಜೇಶ್ರೀ ಸೆರಗಿನಿಂದ ಕುತ್ತಿಗೆ ಒರೆಸಿಕೊಳ್ಳುತ್ತಿದ್ದಳು. ಇಬ್ಬರು ಹೆಂಗಸರು ಒಂದೇ ನಿಲ್ದಾಣದಲ್ಲಿ ಅಕ್ಕಪಕ್ಕ ಕೂತ ಹಾಗೆ.

ನಗು ಯಾವಾಗ ನಿಂತಿತೋ ದುಂಡಮ್ಮನಿಗೆ ತಿಳಿಯಲಿಲ್ಲ.

ಬಟ್ಟೆಯ ಮೇಲೆ ಮಧ್ಯಾಹ್ನವಾಯಿತು. ಬಸ್ಸಿಲ್ಲದ ಹೊತ್ತು. ರಸ್ತೆ ಬಿಸಿಲಿಗೆ ಹೊಳೆಯುತ್ತಿತ್ತು. ದುಂಡಮ್ಮ ತೂಕಡಿಸಿ, ಎಚ್ಚೆತ್ತು, ತುರುಬು ಬಿಚ್ಚಿದಳು. ಸೆರಗಿನ ಅಂಚನ್ನು ಹಲ್ಲಿನಲ್ಲಿ ಕಚ್ಚಿ ಹಿಡಿದು, ಎರಡೂ ಕೈಯಿಂದ ಕೂದಲು ಸುತ್ತಿ ಕಟ್ಟತೊಡಗಿದಳು. ಕಟ್ಟುತ್ತಾ ಕಟ್ಟುತ್ತಾ ಕೈಗಳು ತಲೆಯ ಹಿಂದೆಯೇ ನಿಂತುಬಿಟ್ಟವು. ಸೆರಗು ಇನ್ನೂ ಹಲ್ಲಿನಲ್ಲೇ. ಕಣ್ಣು ದೂರದಲ್ಲಿ ಎಲ್ಲೋ. ಕೈಗಳು ಅಲ್ಲಿವೆ ಎಂಬುದನ್ನೇ ಮರೆತು ಅವಳು ನೋಡುತ್ತಾ ಕೂತಿದ್ದಳು, ಬಹಳ ಹೊತ್ತು.

"ನಮ್ಮವ್ವ!"

ಆ ಮಾತು ತನ್ನ ಬಾಯಿಂದ ಬಂದದ್ದೆಂದು ದುಂಡಮ್ಮನಿಗೆ ತಿಳಿದದ್ದು ಎಲ್ಲರೂ ತಿರುಗಿ ನೋಡಿದ ಮೇಲೆ. ಅಮೋಘಸಿದ್ದ ಅವಳ ಮೊಣಕೈ ಹಿಡಿದ.

ಅವಳ ಅವ್ವ ತೀರಿಹೋದಾಗ ದುಂಡಮ್ಮನಿಗೆ ಇನ್ನೂ ಮದುವೆಯಾಗಿರಲಿಲ್ಲ. ಅವ್ವನ ಒಂದು ಫೋಟೋ ಕೂಡ ಯಾರೂ ತೆಗೆದಿರಲಿಲ್ಲ. ವರ್ಷಗಳು ಉರುಳಿದ ಹಾಗೆ ಮುಖ ಮಸುಕಾಗಿ, ಈಗೀಗ ನೆನಪು ಮಾಡಿಕೊಂಡರೆ ಬರೀ ಹಸಿರು ಬಳೆ ಕಾಣುತ್ತಿತ್ತು. ಈಗ ಅವ್ವ ಎದುರಿಗೇ ಕೂತಿದ್ದಳು. ಹಿತ್ತಲ ಕಟ್ಟೆಯ ಮೇಲೆ ಹೀಗೇ, ಸೆರಗು ಕಚ್ಚಿ, ಎರಡೂ ಕೈ ತಲೆಯ ಹಿಂದೆ ಮರೆತು, ಹೊಲದಾಚೆ ನೋಡುತ್ತಿದ್ದ ಅವ್ವ. ಅದೇ ಕುತ್ತಿಗೆಯ ವಾಲು, ಅದೇ ಗಲ್ಲದ ಬಿಗಿ. ಇಷ್ಟು ವರ್ಷ ಅವಳು ಎಲ್ಲಿಯೂ ಹೋಗಿರಲಿಲ್ಲ. ಮಗಳ ತೋಳುಗಳಲ್ಲೇ ಇದ್ದಳು. ಮಗಳಿಗೇ ಕಂಡಿರಲಿಲ್ಲ.

ಅಷ್ಟರಲ್ಲಿ ಬಟ್ಟೆಯ ಮುಂದೆ ಕೂತಿದ್ದ ರಾಜೇಶ್ರೀ ಸೆರಗಿನ ಅಂಚನ್ನು ಹಲ್ಲಿಗೆ ತೆಗೆದುಕೊಂಡಳು. ಕೈ ಎತ್ತಿದಳು. ಕೂದಲು ಸುತ್ತಿದಳು. ಅವಳ ಕೈಗಳೂ ನಿಂತವು.

ಮೂರು ಹೆಂಗಸರು. ಒಬ್ಬಳು ಮಣ್ಣಾಗಿ ಎಷ್ಟೋ ಕಾಲವಾಯಿತು. ಒಬ್ಬಳು ಬಟ್ಟೆಯ ಮೇಲೆ. ಇನ್ನೊಬ್ಬಳು ಜೇವರ್ಗಿ ಕಾಲೋನಿಯ ಹುಡುಗಿ, ಅವ್ವನ ಹೆಸರನ್ನೂ ಕೇಳದವಳು. ಅವಳೊಳಗೆ ಅವ್ವ ಹೇಗೆ ಬಂದು ಕೂತಳು? ನೋಡಿ ನೋಡಿ, ಬರೀ ನೋಡಿ, ಒಬ್ಬರು ಇನ್ನೊಬ್ಬರ ಸತ್ತ ತಾಯಿಯನ್ನು ಕರೆದು ತರಬಹುದೇ? ದೇವರ ಗುಡಿಯಲ್ಲಿ ಕೂಡ ದುಂಡಮ್ಮನಿಗೆ ಇಂಥ ಭಯ, ಇಂಥ ಭಕ್ತಿ ಬಂದಿರಲಿಲ್ಲ. ಕೈಗಳು ತಾವಾಗಿಯೇ ಜೋಡಿಸಿಕೊಂಡವು. ಚಿತ್ರ ಮುಗಿದು ದೀಪ ಹತ್ತಿದರೂ ಹಾಗೇ ಕೂತಿದ್ದಳು. ಯಾರೂ ಚಪ್ಪಾಳೆ ತಟ್ಟಲಿಲ್ಲ. ಮಿಲ್ಲಿನ ಹೆಂಗಸರಲ್ಲೊಬ್ಬಳು ಕಣ್ಣೊರೆಸಿಕೊಳ್ಳುತ್ತಾ ಎದ್ದುಹೋದಳು.

ಆಮೇಲೆ ಹೊರಗೆ, ಗೋದಾಮಿನ ಕಟ್ಟೆಯ ಮೇಲೆ ಚಹಾ ಕುಡಿಯುವಾಗ ದುಂಡಮ್ಮ ತನಗೆ ಅವ್ವ ಕಂಡದ್ದನ್ನು ರಾಜೇಶ್ರೀಗೆ ಹೇಳಿದಳು. ರಾಜೇಶ್ರೀ ಕಪ್ಪು ಕೆಳಗಿಟ್ಟಳು.

"ನನಗ ಗೊತ್ತಿರ್ಲಿಲ್ರಿ ಯಕ್ಕಾ. ಆಣಿ ಮಾಡಿ ಹೇಳ್ತೀನಿ."

"ಗೊತ್ತದ ತಂಗಿ, ನಿನಗ ಹ್ಯಾಂಗ ಗೊತ್ತಿರ್ತದ. ಆದ್ರ ನಿನ್ನ ಕೈಗಿ ಹ್ಯಾಂಗ ಬಂತು, ಅದು ಹೇಳು."

"ಭಾಳ ದಿನ ಬರ್ಲಿಲ್ಲ. ಕನ್ನಡಿ ಮುಂದ ನಿಂತು ಮಾಡಿದ್ರ ಬರೇ ಸುಳ್ಳು. ಬಿಟ್ಟೇ ಬಿಟ್ಟಿದ್ದೆ. ಒಂದಿನ ಅಡಿಗಿಮನ್ಯಾಗ ಹಾಲ ಕಾಯಿಸ್ಕೋತ ನಿಂತಾಗ ನಮ್ಮವ್ವ ಬಂದು, ಯಾಕ ಹಿಂಗ ನಿಂತಿ ಅಂತ ಕೇಳಿದ್ಲು. ನೋಡಿದ್ರ ನನ್ನ ಕೈ ತಲಿ ಹಿಂದ ಇದ್ದವು."

ಅಮೋಘಸಿದ್ದ ಇಬ್ಬರನ್ನೂ ನೋಡಿ, ಹೆಂಡತಿಯ ತಣ್ಣಗಾದ ಚಹಾ ಚೆಲ್ಲಿ ಬೇರೆ ತಂದುಕೊಟ್ಟ.

ಕಮಲಾಪುರದಲ್ಲೂ ತೋರಿಸಬೇಕೆಂದು ಹಟ ಹಿಡಿದವಳು ದುಂಡಮ್ಮ. ಶಾಲೆಯ ಗೋಡೆಗೆ ಸುಣ್ಣ ಬಳಿದು, ಮುಸ್ಸಂಜೆಗೆ ತೋರಿಸಿದರು. ಹಣ್ಣಿನ ಹೆಂಗಸರೆಲ್ಲ ಮುಂದೆ ಕೂತು ತಮ್ಮತಮ್ಮ ಮುಖ ಕಂಡಾಗ ಕೂಗಾಡಿದರು, ಆಮೇಲೆ ಅವರೂ ಅಲ್ಲಾಡದೆ ನೋಡಿದರು. ಭಾಗ್ಯ ಎಲ್ಲರ ಹಿಂದೆ ನಿಂತೇ ನೋಡಿದಳು. ಮನೆಗೆ ಬಂದು ರೊಟ್ಟಿ ಬಡಿಸುವಾಗ ಅತ್ತೆಯ ಮುಖವನ್ನು ಕದ್ದು ಕದ್ದು ನೋಡಿದಳು. "ಅತ್ತಿ, ನೀವು ದಿನಾ ಅಲ್ಲಿ ಅಷ್ಟೊತ್ತು ಒಬ್ರೇ ಕುಂತಿರ್ತೀರಿ ಅಂತ ನನಗ ಅನಿಸೇ ಇರ್ಲಿಲ್ರಿ" ಎಂದಳು. ಮರುದಿನದಿಂದ ಮಧ್ಯಾಹ್ನದ ಬುತ್ತಿ ಹಿಡಿದು ತಾನೇ ನಿಲ್ದಾಣಕ್ಕೆ ಬರತೊಡಗಿದಳು.

ಮುಂದಿನ ಪ್ರದರ್ಶನಗಳಲ್ಲಿ ದುಂಡಮ್ಮನೂ ಪರದೆಯ ಮುಂದೆ ಕೂತಳು. ರಾಜೇಶ್ರೀ ಕೇಳಿದಾಗ ಮೊದಲು, "ನನಗ ಏನ್ ಬರ್ತದ?" ಎಂದಿದ್ದಳು. "ಕುಂಡ್ರೋದು ಬರ್ತದಲ್ಲ" ಎಂದಿದ್ದಳು ರಾಜೇಶ್ರೀ. ಹಾಗೆ ಕೂದಲು ನರೆತ ಮೇಲೆ ಅವಳು ಕಲಾವಿದೆಯಾದಳು. ವೇದಿಕೆಯ ಮೇಲೆ ಏನು ಮಾಡುತ್ತೀಯೆಂದು ಊರವರು ಕೇಳಿದರೆ ನಿಸ್ಸಂಕೋಚವಾಗಿ, "ಕುಂಡ್ರತೀನ್ರಿ" ಎನ್ನುತ್ತಿದ್ದಳು. ಕೂದಲು ಕಟ್ಟುವುದನ್ನು ಮಾತ್ರ ಅವಳು ಅಲ್ಲಿ ಎಂದೂ ಮಾಡಲಿಲ್ಲ. ಒಮ್ಮೆ ಮಾಡಲು ಹೋಗಿದ್ದಳು. ಕೈ ಎತ್ತಿದ ಕೂಡಲೇ ತಾನು ನಟಿಸುತ್ತಿದ್ದೇನೆಂದು ಗೊತ್ತಾಗಿ ಇಳಿಸಿಬಿಟ್ಟಳು. ಅದನ್ನು ರಾಜೇಶ್ರೀಗೇ ಬಿಟ್ಟುಕೊಟ್ಟಳು. ಅವ್ವ ತನಗೆ ಬೇಕಾದಾಗ ಬರಲಿ.

ಈಗ ರಾಜೇಶ್ರೀ ಹೊಸ ಚಿತ್ರ ಶುರು ಮಾಡಿದ್ದಾಳೆ. ಪರ್ವೇಜನ ತಾಯಿ ಖುರ್ಷೀದ್ ಬೇಗಂ ಗಾಜಿಪುರದ ತಮ್ಮ ಮನೆಯಲ್ಲಿ ಮದುವೆಗಳಿಗೆ ಸೆಹರಾ ಕಟ್ಟುತ್ತಾರೆ. ವರನ ಮುಖದ ಮುಂದೆ ಇಳಿಬಿಡುವ ಹೂವಿನ ಪರದೆ ಅದು. ಇಷ್ಟು ವರ್ಷ ಅವರ ಮಗ ಆ ಸೆಹರಾಗಳ ಎದುರು ಕ್ಯಾಮೆರಾ ಹಿಡಿದು ನಿಂತವನು, ಕಟ್ಟುವ ಕೈಯನ್ನು ಎಂದೂ ತೆಗೆದವನಲ್ಲ. ಈಗ ಅವನೇ ಮನೆಯ ಮೂಲೆಯಲ್ಲಿ ಉಸಿರು ಬಿಗಿಹಿಡಿದು ಮೈಕು ಹಿಡಿದಿರುತ್ತಾನೆ.

ಮೊದಲ ದಿನಗಳಲ್ಲಿ ಕ್ಯಾಮೆರಾ ಇರಲಿಲ್ಲ. ರಾಜೇಶ್ರೀ ದುಂಡಮ್ಮನನ್ನೂ ಕರೆದುಕೊಂಡು ಹೋದಳು. ಖುರ್ಷೀದ್ ಬೇಗಂ ಇಬ್ಬರಿಗೂ ಚಹಾ ಕೊಟ್ಟು, "ಆಪಾ, ನೀವು ಏನ್ ಮಾಡ್ಲಾಕ ಬಂದೀರಿ?" ಎಂದು ದುಂಡಮ್ಮನನ್ನು ಕೇಳಿದರು.

"ನಿಮ್ಮನ್ನ ನೋಡ್ಲಾಕ್ರಿ" ಎಂದಳು ದುಂಡಮ್ಮ.

ಬೇಗಂ ನಕ್ಕು ಹೂವಿಗೆ ಕೈ ಹಾಕಿದರು. ಒದ್ದೆ ಬಟ್ಟೆಯ ಮೇಲೆ ಮಲ್ಲಿಗೆಯ ರಾಶಿ. ಅವರು ಒಂದೊಂದೇ ಮೊಗ್ಗನ್ನು ಎತ್ತಿ, ಬೆರಳಿನ ತುದಿಯಲ್ಲಿ ಒಮ್ಮೆ ತಿರುಗಿಸಿ, ಯಾವುದೋ ಒಂದು ಕ್ಷಣ ತುಟಿ ಅಲುಗಿಸಿ, ಆಮೇಲೆ ದಾರಕ್ಕೆ ಏರಿಸುತ್ತಿದ್ದರು. ಎಲ್ಲ ಮೊಗ್ಗಿಗೂ ಅಲ್ಲ. ಕೆಲವಕ್ಕೆ ಮಾತ್ರ. ಯಾವುದಕ್ಕೆ, ಏಕೆ ಎಂದು ದುಂಡಮ್ಮನಿಗೆ ತಿಳಿಯಲಿಲ್ಲ. ಕೇಳಲೂ ಇಲ್ಲ. ರಾಜೇಶ್ರೀ ಕಡೆ ತಿರುಗಿ ನೋಡಿದಳು. ಅವಳೂ ಅದನ್ನೇ ನೋಡುತ್ತಿದ್ದಳು.

ದುಂಡಮ್ಮ ಕಾಲು ಮಡಚಿ ಸರಿಯಾಗಿ ಕೂತಳು. ಕಮಲಾಪುರಕ್ಕೆ ಹೋಗುವ ಕೊನೆಯ ಬಸ್ಸಿಗೆ ಇನ್ನೂ ಬಹಳ ಹೊತ್ತಿತ್ತು.